ಮೊದಲು ಟೇಪು, ಆಮೇಲೆ ಟಿಕೆಟ್ಟು: ಪುಟ್ಟ ಮಕ್ಕಳ ಜೊತೆ ವಂಡರ್‌ಲಾ ಪ್ರವಾಸಕ್ಕೆ ಸಮಗ್ರ ಮಾರ್ಗದರ್ಶಿ

ಬಿಡದಿ ಬಳಿಯ ಮನರಂಜನಾ ಪಾರ್ಕ್ ವಂಡರ್‌ಲಾಗೆ ಹೊರಡುವ ಮುಂಚೆ ಹೆಚ್ಚಿನವರು ನೋಡುವುದು ಟಿಕೆಟ್ ದರ. ಅದಕ್ಕೂ ಮೊದಲು ನೋಡಬೇಕಾದ್ದು ಮಗುವಿನ ಎತ್ತರ. ಅಲ್ಲಿ ಟಿಕೆಟ್ ನಿರ್ಧಾರವಾಗುವುದು ಎತ್ತರದಿಂದ, ಯಾವ ರೈಡ್ ಹತ್ತಬಹುದು ಎಂಬುದು ತೀರ್ಮಾನವಾಗುವುದೂ ಎತ್ತರದಿಂದಲೇ. ವಯಸ್ಸಿನ ದಾಖಲೆ ಹಿಡಿದು ಗೇಟಿನಲ್ಲಿ ವಾದಿಸಿ ಪ್ರಯೋಜನವಿಲ್ಲ.

ಬೆಂಗಳೂರಿನಿಂದ ಮೈಸೂರು ರಸ್ತೆಯಲ್ಲಿ ಸುಮಾರು 28 ಕಿ.ಮೀ. ದೂರದಲ್ಲಿರುವ ಈ ಪಾರ್ಕ್ 2005ರಲ್ಲಿ ಶುರುವಾಯಿತು. ಒಣ ರೈಡ್, ನೀರಿನ ರೈಡ್ ಸೇರಿ 60ರಷ್ಟಿವೆ. ಐದು ವರ್ಷದ ಮಗು ಅವುಗಳಲ್ಲಿ ಆಡುವುದು ಒಂದು ಸಣ್ಣ ಪಾಲು ಮಾತ್ರ. ಹಾಗಾಗಿ 'ಕೊಟ್ಟ ದುಡ್ಡಿಗೆ ಎಲ್ಲ ರೈಡ್ ಮುಗಿಸಬೇಕು' ಎಂಬ ಲೆಕ್ಕ ಬಿಡಿ. ಚಿಕ್ಕ ಮಕ್ಕಳಿರುವ ಮನೆಯವರು ರೈಡ್ ಎಣಿಸಿದರೆ ಸಂಜೆ ಹೊತ್ತಿಗೆ ಕೈಯಲ್ಲಿ ಉಳಿಯುವುದು ರಚ್ಚೆ ಹಿಡಿದ ಮಗು.

ಹೆಜ್ಜೆ 1: ಗೋಡೆಗೆ ನಿಲ್ಲಿಸಿ ಅಳೆಯಿರಿ

ಮಗುವನ್ನು ಬರಿಗಾಲಲ್ಲಿ ಗೋಡೆಗೆ ಒರಗಿಸಿ, ಹಿಮ್ಮಡಿ ಗೋಡೆಗೆ ತಾಗುವಂತೆ ನಿಲ್ಲಿಸಿ. ನೆತ್ತಿಯ ಮೇಲೆ ಗಟ್ಟಿ ರಟ್ಟಿನ ಪುಸ್ತಕವನ್ನು ಅಡ್ಡ ಇಟ್ಟು ಪೆನ್ಸಿಲ್ ಗುರುತು ಹಾಕಿ. ಜುಟ್ಟು, ಕ್ಲಿಪ್, ಶೂ ಲೆಕ್ಕಕ್ಕಿಲ್ಲ.

85 ಸೆಂ.ಮೀ.ಗಿಂತ ಕಡಿಮೆ ಇದ್ದರೆ ಟಿಕೆಟ್ ಬೇಡ. 85ರಿಂದ 140 ಸೆಂ.ಮೀ.ವರೆಗೆ ಮಕ್ಕಳ ಟಿಕೆಟ್. ಅದಕ್ಕಿಂತ ಎತ್ತರವಿದ್ದರೆ ದೊಡ್ಡವರ ಟಿಕೆಟ್. ಮಕ್ಕಳು ಸಾಮಾನ್ಯವಾಗಿ ಎರಡನೇ ವರ್ಷದ ಆಸುಪಾಸಿನಲ್ಲೇ 85 ಸೆಂ.ಮೀ. ದಾಟುತ್ತಾರೆ. 'ಇನ್ನೂ ಮೂರು ತುಂಬಿಲ್ಲ, ಫ್ರೀ ಇರಬಹುದು' ಎಂದುಕೊಂಡು ಬಂದವರು ಕೌಂಟರಿನಲ್ಲಿ ಹೊಸ ಟಿಕೆಟ್ ಕೊಳ್ಳಬೇಕಾಗುತ್ತದೆ. ಆ ಹೊತ್ತಿಗೆ ಆನ್‌ಲೈನ್ ರಿಯಾಯಿತಿಯೂ ಕೈತಪ್ಪಿರುತ್ತದೆ. ಹತ್ತು ಹನ್ನೊಂದರ ಮಕ್ಕಳು 140ರ ಗೆರೆಯ ಮೇಲೆ ಕೆಳಗೆ ಓಲಾಡುತ್ತಿರುತ್ತಾರೆ. ಬೇಸಿಗೆ ರಜೆಯಲ್ಲಿ ಅಳೆದ ಅಳತೆ ದಸರಾ ರಜೆಗೆ ನಡೆಯುವುದಿಲ್ಲ, ಹೊರಡುವ ವಾರ ಇನ್ನೊಮ್ಮೆ ಅಳೆಯಿರಿ.

ಅದೇ ಅಳತೆ ಮೆಟ್ರೊಗೂ ಬೇಕು. ನಮ್ಮ ಮೆಟ್ರೊದಲ್ಲಿ ಮೂರು ಅಡಿಗಿಂತ ಕುಳ್ಳಗಿರುವ ಮಗುವಿಗೆ ಟಿಕೆಟ್ ಇಲ್ಲ.

ಅಳತೆ ಕೈಯಲ್ಲಿದ್ದರೆ ಮಗುವಿನ ಜೊತೆಗಿನ ಮಾತುಕತೆಯೂ ಸುಲಭ. ತಲೆಕೆಳಗಾಗಿ ಸುತ್ತುವ ದೊಡ್ಡ ರೈಡ್‌ಗಳಿಗೆ ಎತ್ತರದ ಮಿತಿ ಇರುತ್ತದೆ, ಪ್ರತಿ ರೈಡಿನ ಬಾಯಲ್ಲೂ ಅಳತೆಯ ಫಲಕ ಇರುತ್ತದೆ. ಅರ್ಧ ಗಂಟೆ ಸರದಿಯಲ್ಲಿ ನಿಂತು ತುದಿಗೆ ಹೋದ ಮೇಲೆ 'ನೀನು ಬೇಡ' ಎನ್ನಿಸಿಕೊಳ್ಳುವುದು ಆರು ವರ್ಷದ ಮಗುವಿಗೆ ಸಣ್ಣ ಅವಮಾನವಲ್ಲ. ಪಾರ್ಕಿನ ಜಾಲತಾಣದಲ್ಲಿ ಪ್ರತಿ ರೈಡಿನ ಮಿತಿ ನೋಡಿ, ಮಗು ಹತ್ತಬಹುದಾದವುಗಳ ಪಟ್ಟಿಯನ್ನು ಮನೆಯಲ್ಲೇ ಮಗುವಿನ ಕೈಯಿಂದ ಬರೆಸಿ. ಹತ್ತಲಾಗದ್ದರ ಹೆಸರನ್ನೇ ಎತ್ತಬೇಡಿ.

ಹೆಜ್ಜೆ 2: ದಿನ ಗೊತ್ತುಮಾಡುವುದು

ವಾರಾಂತ್ಯ, ಹಬ್ಬದ ರಜೆ, ಏಪ್ರಿಲ್–ಮೇ ತಿಂಗಳ ದರ ವಾರದ ದಿನಕ್ಕಿಂತ ಜಾಸ್ತಿ. ಜನವೂ ಜಾಸ್ತಿ. 'ವಾರದ ದಿನ ಹೋದರೆ ಖಾಲಿ ಇರುತ್ತದೆ' ಎಂಬ ಮಾತು ಮಾತ್ರ ಅರ್ಧ ಸತ್ಯ. ಡಿಸೆಂಬರ್–ಜನವರಿ ಶಾಲಾ ಪ್ರವಾಸದ ಕಾಲ. ಬುಧವಾರ ಬೆಳಿಗ್ಗೆಯೂ ಪಾರ್ಕಿಂಗ್ ತುಂಬ ಶಾಲಾ ಬಸ್ಸು ಸಾಲುಗಟ್ಟಿರುತ್ತವೆ. ಒಂದೇ ಬಣ್ಣದ ಟೀ ಶರ್ಟಿನ ಇನ್ನೂರು ಹುಡುಗರು ಕೃತಕ ಅಲೆ ಏಳುವ ವೇವ್ ಪೂಲಿಗೆ ಒಟ್ಟಿಗೆ ಇಳಿದರೆ ನಿಮ್ಮ ಮೂರು ವರ್ಷದ ಮಗುವಿಗೆ ಜಾಗವಿಲ್ಲ.

ಇನ್ನೂ ಶಾಲೆಗೆ ಸೇರದ ಮಗುವಾದರೆ ಆಯ್ಕೆ ದೊಡ್ಡದು. ಬೇಸಿಗೆ ರಜೆ ಮುಗಿದು ಶಾಲೆ ಶುರುವಾದ ಮೇಲಿನ ಜೂನ್–ಜುಲೈ ವಾರದ ದಿನಗಳು ಅಗ್ಗ, ಜನವೂ ತೆಳು. ಮೋಡ ಇರುವುದರಿಂದ ಬಿಸಿಲಿನ ಕಾಟವಿಲ್ಲ. ಜಿಟಿಜಿಟಿ ಮಳೆಗೆ ನೀರಾಟ ನಿಲ್ಲುವುದಿಲ್ಲ, ಗುಡುಗು ಮಿಂಚು ಬಂದರೆ ನಿಲ್ಲಿಸುತ್ತಾರೆ. ಏಪ್ರಿಲ್–ಮೇ ತಿಂಗಳ ಸಂಜೆ ಮಳೆಗೆ ಈ ಅಪಾಯ ಹೆಚ್ಚು. ಇನ್ನು ಡಿಸೆಂಬರ್–ಜನವರಿಯಲ್ಲಿ ಮೂರೂವರೆ ದಾಟಿದರೆ ಒದ್ದೆ ಮಗುವಿಗೆ ನಡುಕ ಶುರು. ಸಣ್ಣ ಮೈ ಬೇಗ ಶಾಖ ಕಳೆದುಕೊಳ್ಳುತ್ತದೆ, ತುಟಿ ನೀಲಿ ತಿರುಗುವವರೆಗೆ ಕಾಯಬಾರದು.

ಉತ್ತರ ಕರ್ನಾಟಕದವರಿಗೆ ಒಂದು ಮಾತು: ಕಲಬುರಗಿ, ಬೀದರ್ ಕಡೆಯಿಂದ ಬೆಂಗಳೂರಿಗಿಂತ ಹೈದರಾಬಾದ್ ಎಷ್ಟೋ ಹತ್ತಿರ, ವಂಡರ್‌ಲಾ 2016ರಿಂದ ಅಲ್ಲೂ ಇದೆ. ರಾತ್ರಿಯಿಡೀ ಪ್ರಯಾಣ ಮಾಡಿ ನಿದ್ದೆಗೆಟ್ಟ ಮಗುವನ್ನು ಬಿಡದಿಗೆ ತರುವ ಬದಲು ಅದನ್ನು ನೋಡಿ. ಪ್ರಯಾಣ, ವಸತಿ ಬಿಟ್ಟರೆ ಈ ಮಾರ್ಗದರ್ಶಿಯ ಹೆಚ್ಚಿನ ಮಾತು ಅಲ್ಲಿಗೂ ಒಪ್ಪುತ್ತದೆ.

ಹೆಜ್ಜೆ 3: ಪ್ರಯಾಣ

ಬಸ್ಸಿನವರಿಗೆ ದೊಡ್ಡ ಉಳಿತಾಯ ಶಕ್ತಿ ಯೋಜನೆ. 2023ರ ಜೂನ್ 11ರಿಂದ ರಾಜ್ಯದೊಳಗೆ ಸರ್ಕಾರಿ ಸಾಮಾನ್ಯ ಮತ್ತು ವೇಗದೂತ ಬಸ್ಸುಗಳಲ್ಲಿ ಹೆಂಗಸರಿಗೆ, ಹೆಣ್ಣುಮಕ್ಕಳಿಗೆ ಟಿಕೆಟ್ ದರವಿಲ್ಲ. ಕರ್ನಾಟಕದ ವಿಳಾಸವಿರುವ ಗುರುತಿನ ಚೀಟಿ ಕೈಯಲ್ಲಿರಲಿ. ರಾಜಹಂಸ, ಐರಾವತ, ಸ್ಲೀಪರ್ ಬಸ್ಸುಗಳು ಇದರಲ್ಲಿ ಬರುವುದಿಲ್ಲ. ಆದರೆ ಆರು ಗಂಟೆ ಮೀರಿದ ದಾರಿಗೆ ವೇಗದೂತದಲ್ಲಿ ಮಗುವನ್ನು ತೊಡೆಯ ಮೇಲೆ ಕೂರಿಸಿಕೊಂಡು ಬರುವುದು ಉಳಿತಾಯವಲ್ಲ, ಮರುದಿನದ ಸಾಲ.

ರೈಲಿನಲ್ಲಿ ಐದು ತುಂಬದ ಮಗುವಿಗೆ ಪ್ರತ್ಯೇಕ ಬರ್ತ್ ಕೇಳದಿದ್ದರೆ ದುಡ್ಡಿಲ್ಲ. ಐದರಿಂದ ಹನ್ನೆರಡರೊಳಗಿನವರಿಗೆ ಬರ್ತ್ ಬೇಕೆಂದರೆ ಪೂರ್ತಿ ದರ, ಬೇಡವೆಂದರೆ ಅರ್ಧ. ಎ.ಸಿ. ಚೇರ್ ಕಾರ್ ಮತ್ತು ಸೆಕೆಂಡ್ ಸಿಟ್ಟಿಂಗ್‌ನಲ್ಲಿ ಈ 'ಬರ್ತ್ ಬೇಡ' ಆಯ್ಕೆಯೇ ಇಲ್ಲ, ಪೂರ್ತಿ ದರವೇ. ಬಜೆಟ್ ಹಾಕುವಾಗ ಇದನ್ನು ಮರೆಯುವವರು ಬಹಳ. ರೈಲು ಟಿಕೆಟ್ ಮುಂಗಡ ಬುಕಿಂಗ್ 60 ದಿನ ಮೊದಲು ತೆರೆಯುತ್ತದೆ. ಬೇಸಿಗೆ, ದಸರಾ ರಜೆಗಾದರೆ ಮೊದಲ ವಾರದಲ್ಲೇ ಮಾಡಿಸಿ.

ಬೆಂಗಳೂರಿನಿಂದ ಪಾರ್ಕಿಗೆ ಹೋಗಲು ನೇರಳೆ ಮೆಟ್ರೊ ಮಾರ್ಗ ಚಲ್ಲಘಟ್ಟದವರೆಗೆ ಇದೆ. ಅಲ್ಲಿಂದ ಮುಂದೆ ಬಸ್ಸು, ಆಟೊ ಅಥವಾ ಕ್ಯಾಬ್. ಮೈಸೂರು ಮಾರ್ಗದ ಪ್ಯಾಸೆಂಜರ್ ರೈಲುಗಳಿಗೆ ಹೆಜ್ಜಾಲ, ಬಿಡದಿ ನಿಲ್ದಾಣಗಳಿವೆ. ಸ್ವಂತ ಕಾರಿನವರು ಒಂದು ತಪ್ಪು ಪದೇ ಪದೇ ಮಾಡುತ್ತಾರೆ: ಎಕ್ಸ್‌ಪ್ರೆಸ್‌ವೇಯ ನಡುವಿನ ಪಥ ಹಿಡಿದು ತಿರುವು ತಪ್ಪಿಸಿಕೊಂಡು ಮುಂದೆ ಹೋಗಿಬಿಡುತ್ತಾರೆ. ಕೆಂಗೇರಿ ದಾಟಿದ ಮೇಲೆ ನಕ್ಷೆಯ ಮೇಲೆ ಕಣ್ಣಿಡಿ, ಪಾರ್ಕಿನ ತಿರುವಿಗೆ ಸರ್ವಿಸ್ ರಸ್ತೆಯಲ್ಲೇ ಇರಬೇಕು. ಬೈಕಿಗೆ 2023ರ ಆಗಸ್ಟ್‌ನಿಂದ ಮುಖ್ಯ ಪಥದಲ್ಲಿ ಪ್ರವೇಶವೇ ಇಲ್ಲ.

ಹೆಜ್ಜೆ 4: ವಸತಿ

ಬೆಂಗಳೂರಿನವರಿಗೆ ವಸತಿ ಬೇಡ. ಹೊರಊರಿನವರು ಮೆಜೆಸ್ಟಿಕ್ ಬಳಿ ಅಗ್ಗದ ರೂಮು ಹಿಡಿದು ಬೆಳಿಗ್ಗೆ ಹೊರಡುವ ಬದಲು ಕೆಂಗೇರಿಯಿಂದ ಬಿಡದಿವರೆಗಿನ ಪಟ್ಟಿಯಲ್ಲಿ ಹುಡುಕಲಿ. ಬಾಡಿಗೆ ಒಂದಿಷ್ಟು ಹೆಚ್ಚಾದರೂ ಸಂಜೆಯ ಮೈಸೂರು ರಸ್ತೆ ಟ್ರಾಫಿಕ್‌ನಲ್ಲಿ ದಣಿದ ಮಗುವಿನೊಂದಿಗೆ ಕೂರುವುದು ತಪ್ಪುತ್ತದೆ. ಪಾರ್ಕಿಗೆ ಹೊಂದಿಕೊಂಡೇ ವಂಡರ್‌ಲಾದ್ದೇ ರೆಸಾರ್ಟ್ ಇದೆ. ದುಬಾರಿ, ಆದರೆ ಮಧ್ಯಾಹ್ನ ನಿದ್ದೆ ಮಾಡದೆ ಇರಲಾಗದ ಎರಡು ವರ್ಷದ ಮಗುವಿದ್ದರೆ ಆ ಖರ್ಚಿಗೆ ಅರ್ಥವಿದೆ. ಬುಕ್ ಮಾಡುವ ಮುಂಚೆ ಎರಡು ಪ್ರಶ್ನೆ ಕೇಳಿ: ರೂಮಿನ ದರದಲ್ಲಿ ಪಾರ್ಕ್ ಟಿಕೆಟ್ ಸೇರಿದೆಯೇ? ಮಧ್ಯಾಹ್ನ ಹೊರಗೆ ಹೋಗಿ ಮತ್ತೆ ಪಾರ್ಕಿನೊಳಗೆ ಬರಬಹುದೇ? ಎರಡನೆಯದಕ್ಕೆ 'ಇಲ್ಲ' ಎಂದರೆ ಹತ್ತಿರದ ರೂಮಿನ ಅರ್ಧ ಲಾಭ ಹೋಯಿತು.

ರಾತ್ರಿಗೆ 7,500 ರೂ.ವರೆಗಿನ ರೂಮಿಗೆ ಜಿಎಸ್‌ಟಿ 5%, ಅದಕ್ಕಿಂತ ಮೇಲಿನದಕ್ಕೆ 18%. 7,400ರ ರೂಮಿಗೂ 7,600ರ ರೂಮಿಗೂ ನಡುವೆ ಅಂತರ 200 ರೂ. ಎಂದುಕೊಂಡರೆ ಬಿಲ್ಲಿನಲ್ಲಿ ಅದು 1,198 ಆಗಿರುತ್ತದೆ.

ಹೆಜ್ಜೆ 5: ಲೆಕ್ಕ ಹಾಕುವುದು

ದರಗಳು ದಿನದಿಂದ ದಿನಕ್ಕೆ ಬದಲಾಗುವುದರಿಂದ ಕೆಳಗಿನ ಅಂಕಿಗಳನ್ನು ಅಚ್ಚಿನಂತೆ ಬಳಸಿ. ನಿಮ್ಮ ದಿನದ ದರವನ್ನು ಅದರೊಳಗೆ ಸುರಿಯಿರಿ. ದಾವಣಗೆರೆಯ ಒಂದು ಕುಟುಂಬ ಎಂದಿಟ್ಟುಕೊಳ್ಳಿ: ಅಪ್ಪ, ಅಮ್ಮ, 112 ಸೆಂ.ಮೀ. ಎತ್ತರದ ಆರು ವರ್ಷದ ಮಗಳು, 81 ಸೆಂ.ಮೀ. ಎತ್ತರದ 20 ತಿಂಗಳ ಮಗ. ಎರಡು ರಾತ್ರಿ, ಒಂದು ದಿನ ಪಾರ್ಕ್.

ವೇಗದೂತ ಬಸ್ಸು, ಅಪ್ಪನಿಗೆ ಮಾತ್ರ ಟಿಕೆಟ್, ಹೋಗಿಬರಲು: 700
ಸ್ಥಳೀಯ ಓಡಾಟ, ಕ್ಯಾಬ್ ಮತ್ತು ಆಟೊ: 2,400
ರೂಮು, ರಾತ್ರಿಗೆ 2,500ರಂತೆ ಎರಡು ರಾತ್ರಿ, ತೆರಿಗೆ ಸೇರಿ: 5,250
ಪಾರ್ಕ್ ಟಿಕೆಟ್, ದೊಡ್ಡವರಿಗೆ 1,700ರಂತೆ ಎರಡು, ಮಗಳಿಗೆ 1,350, ಮಗನಿಗೆ ಸೊನ್ನೆ: 4,750
ಪಾರ್ಕಿನೊಳಗೆ ಊಟ, ನೀರು, ಕುರುಕಲು, ಲಾಕರ್, ಒಂದು ಆಟಿಕೆ: 1,900
ಹೊರಗಿನ ಊಟ ತಿಂಡಿ: 2,200
ಮೊದಲೇ ಕೊಳ್ಳುವ ಬಟ್ಟೆ, ಸನ್‌ಸ್ಕ್ರೀನ್, ಸ್ವಿಮ್ ಡೈಪರ್, ಫೋನ್ ಚೀಲ: 1,500

ಒಟ್ಟು 18,700. ಹತ್ತಕ್ಕೆ ಒಂದು ಪಾಲು ಮೀಸಲು, 1,870, ಸೇರಿಸಿದರೆ 20,570 ರೂ. ಇದರಲ್ಲಿ ಪಾರ್ಕ್ ಟಿಕೆಟ್ ಕಾಲು ಭಾಗಕ್ಕೂ ಕಮ್ಮಿ. ಅಂದರೆ ಟಿಕೆಟ್ ರಿಯಾಯಿತಿಗೆ ಗಂಟೆಗಟ್ಟಲೆ ಕೂಪನ್ ಹುಡುಕಿ 300 ರೂ. ಉಳಿಸುವವರು ತಪ್ಪು ಜಾಗದಲ್ಲಿ ಅಗೆಯುತ್ತಿದ್ದಾರೆ. ಕ್ಯಾಬ್ ಬದಲು ಮೆಟ್ರೊ ಹತ್ತಿದರೆ, ಬಟ್ಟೆಯನ್ನು ಬಂಧುಗಳಿಂದ ಎರವಲು ತಂದರೆ ಅದರ ಮೂರರಷ್ಟು ಉಳಿಯುತ್ತದೆ. ಬೆಂಗಳೂರಿನ ಕುಟುಂಬಕ್ಕೆ ಬಸ್ಸು, ರೂಮು ಇಲ್ಲದ್ದರಿಂದ ಅದೇ ಟಿಕೆಟ್ ಒಟ್ಟು ಖರ್ಚಿನ ಮೂರನೇ ಒಂದು ಭಾಗ ದಾಟುತ್ತದೆ. ಅವರಿಗೆ ಮಾತ್ರ ವಾರದ ದಿನ ಆರಿಸುವುದು, ಮುಂಗಡ ಆನ್‌ಲೈನ್ ಟಿಕೆಟ್ ಎರಡೂ ನಿಜವಾದ ಉಳಿತಾಯ.

ಟಿಕೆಟ್‌ನ ಮೇಲೆ 18% ಜಿಎಸ್‌ಟಿ ಇದೆ. ಮೊದಲ ಪುಟದ ದರ ಬರೆದುಕೊಳ್ಳಬೇಡಿ, ಪಾವತಿ ಪುಟದ ಕೊನೆಯ ಮೊತ್ತ ಬರೆದುಕೊಳ್ಳಿ. ದಿನ ಬದಲಿಸಲು, ರದ್ದುಮಾಡಲು ಇರುವ ನಿಯಮ ಓದಿಯೇ ಹಣ ಕಟ್ಟಿ. ಪುಟ್ಟ ಮಕ್ಕಳಿಗೆ ಹಿಂದಿನ ರಾತ್ರಿ ಜ್ವರ ಬರುವುದು ತೀರಾ ಸಾಮಾನ್ಯ.

ಫಾಸ್ಟ್‌ಟ್ರ್ಯಾಕ್ ಟಿಕೆಟ್ ಬೇಕೇ? ಸರದಿ ತಪ್ಪಿಸುವ ಈ ಟಿಕೆಟ್ ದುಬಾರಿ. ಉದ್ದ ಸರದಿ ಇರುವುದು ರಿಕಾಯಿಲ್‌ನಂಥ ದೊಡ್ಡ ರೈಡ್‌ಗಳಿಗೆ, ನೀರಿನ ಎತ್ತರದ ಜಾರುಬಂಡೆಗಳಿಗೆ. ವೇವ್ ಪೂಲಿಗೆ, ನಿಧಾನ ಹರಿಯುವ ನೀರಿನಲ್ಲಿ ತೇಲುವ ಲೇಜಿ ರಿವರ್‌ಗೆ, ಮಕ್ಕಳ ಕೊಳಕ್ಕೆ ಸರದಿಯ ಮಾತೇ ಹೆಚ್ಚಿಲ್ಲ. ಮನೆಯ ದೊಡ್ಡ ಮಗುವೇ 120 ಸೆಂ.ಮೀ. ದಾಟಿಲ್ಲವೆಂದರೆ ಆ ದುಡ್ಡನ್ನು ಹತ್ತಿರದ ರೂಮಿಗೆ ಹಾಕಿ.

ಹೆಜ್ಜೆ 6: ಚೀಲ

ನೀರಿಗೆ ನೈಲಾನ್, ಪಾಲಿಯೆಸ್ಟರ್ ಅಥವಾ ಲೈಕ್ರಾ ಬಟ್ಟೆಯೇ ಬೇಕು. ಹತ್ತಿ ಬಟ್ಟೆ ನೀರು ಕುಡಿದು ಭಾರವಾಗಿ ಮಗುವನ್ನು ಕೆಳಗೆಳೆಯುತ್ತದೆ, ಅದರ ಎಳೆ ಬಿಟ್ಟು ಕೊಳದ ನೀರು ಸೋಸುವ ಶೋಧಕ ಕಟ್ಟಿಕೊಳ್ಳುತ್ತದೆ. ಅದಕ್ಕೇ ಸಿಬ್ಬಂದಿ ತಡೆಯುವುದು. ಸೀರೆ, ದುಪಟ್ಟಾ, ಜೀನ್ಸ್ ಕೂಡ ನೀರಿಗಿಳಿಯುವಂತಿಲ್ಲ. ಮನೆಯಲ್ಲಿ ಇಲ್ಲದಿದ್ದರೆ ಊರಿನಲ್ಲೇ ಕೊಳ್ಳಿ, ಪಾರ್ಕಿನೊಳಗಿನ ಅಂಗಡಿಯಲ್ಲಿ ಬೆಲೆ ನಿಮ್ಮ ಕೈಯಲ್ಲಿರುವುದಿಲ್ಲ. ಉದ್ದ ತೋಳಿನದು ತೆಗೆದುಕೊಂಡರೆ ಸನ್‌ಸ್ಕ್ರೀನ್ ಅರ್ಧ ಉಳಿಯುತ್ತದೆ, ಚಳಿಯೂ ಕಡಿಮೆ.

ಡೈಪರ್ ಬಿಡದ ಮಗುವಿಗೆ ಸ್ವಿಮ್ ಡೈಪರ್ ಎರಡು. ಸಾಮಾನ್ಯ ಡೈಪರ್ ನೀರಿನಲ್ಲಿ ಉಬ್ಬಿ ಒಡೆದು ಒಳಗಿನ ಜೆಲ್ ಹೊರಬರುತ್ತದೆ. ಸ್ವಿಮ್ ಡೈಪರ್ ಮೂತ್ರ ಹಿಡಿದಿಡುವುದಿಲ್ಲ ಎಂಬುದು ನೆನಪಿರಲಿ, ನೀರಿಗಿಳಿಯುವ ಗಳಿಗೆಯಲ್ಲೇ ತೊಡಿಸಿ.

ಒಬ್ಬೊಬ್ಬರಿಗೆ ಒಂದು ಟವಲ್, ಒಣ ಬಟ್ಟೆ ಒಂದು ಜೊತೆ, ಮಕ್ಕಳಿಗೆ ಎರಡು. ಹಿಮ್ಮಡಿಗೆ ಪಟ್ಟಿ ಇರುವ ರಬ್ಬರ್ ಚಪ್ಪಲಿ ಬೇಕೇ ಬೇಕು, ಏಪ್ರಿಲ್ ಮಧ್ಯಾಹ್ನದ ನೆಲ ಬರಿಗಾಲು ಸುಡುತ್ತದೆ. ಸನ್‌ಸ್ಕ್ರೀನ್ ಬಿಸಿಲಿಗೆ ಹೋಗುವ 20 ನಿಮಿಷ ಮುಂಚೆ, ಮತ್ತೆ ಎರಡು ಗಂಟೆಗೊಮ್ಮೆ ಮತ್ತು ನೀರಿನಿಂದ ಎದ್ದಾಗಲೆಲ್ಲ. ಆರು ತಿಂಗಳೊಳಗಿನ ಕೂಸಿಗೆ ಹಚ್ಚಬೇಡಿ, ನೆರಳೇ ಔಷಧ. ಓಆರ್‌ಎಸ್ ಪುಡಿಯ ಪ್ಯಾಕೆಟ್ ನಾಲ್ಕು. ಪ್ಯಾಕೆಟ್ ಮೇಲೆ ಡಬ್ಲ್ಯುಎಚ್‌ಒ ಸೂತ್ರ ಎಂದಿರಬೇಕು, ಹಣ್ಣಿನ ರುಚಿಯ ಸಿಹಿ ಪಾನೀಯ ಅದಕ್ಕೆ ಬದಲಿ ಅಲ್ಲ.

ಹೊರಗಿನ ಊಟ ತಿಂಡಿ ಒಳಗೆ ಬಿಡುವುದಿಲ್ಲ. ಹಸುಗೂಸಿನ ಆಹಾರಕ್ಕೆ ವಿನಾಯಿತಿ ಇದೆ. ರಾಗಿ ಸರಿ, ಬಿಸಿನೀರಿನ ಫ್ಲಾಸ್ಕ್, ಹಾಲಿನ ಬಾಟಲಿಯನ್ನು ಬೇರೆ ಚೀಲದಲ್ಲಿ ಇಟ್ಟು ತಪಾಸಣೆಯಲ್ಲಿ ಮೊದಲೇ ತೋರಿಸಿ. ಚಿತ್ರಾನ್ನದ ಬುತ್ತಿ ಗೇಟಿನ ಹೊರಗೇ ಮುಗಿಯಬೇಕು.

ಹೆಜ್ಜೆ 7: ಆ ದಿನ

ಪಾರ್ಕ್ ಸಾಮಾನ್ಯವಾಗಿ 11 ಗಂಟೆಗೆ ತೆರೆಯುತ್ತದೆ. ಹಾಗಾಗಿ ತಿಂಡಿಗೆ ಧಾರಾಳ ಸಮಯ, ಬಿಡದಿ ಬೇರೆ ತಟ್ಟೆ ಇಡ್ಲಿಯ ಊರು. ಒಂಬತ್ತೂವರೆ ಹೊತ್ತಿಗೆ ಇಡ್ಲಿ ಬೆಣ್ಣೆ ಮುಗಿಸಿ. ರೈಡ್‌ಗೆ ಮುಂಚೆ ವಡೆ ಬೇಡ, ಎಣ್ಣೆ ತಿಂಡಿ ತಿಂದು ಸುತ್ತುವ ಬಟ್ಟಲಲ್ಲಿ ಕೂತ ಮಗು ವಾಂತಿ ಮಾಡುತ್ತದೆ. ಹತ್ತೂವರೆಗೆ ಗೇಟಿನಲ್ಲಿರಿ.

ಒಳಗೆ ಹೋಗುವ ಮುಂಚೆ ಮೂರು ಕೆಲಸ. ಮಗುವಿನ ಮುಂಗೈ ಮೇಲೆ ಬಾಲ್‌ಪೆನ್ನಿನಿಂದ ನಿಮ್ಮ ಫೋನ್ ನಂಬರ್ ಬರೆದು ಮೇಲೆ ನೀರು ಹಿಡಿಯದ ಬ್ಯಾಂಡೇಜ್ ಪಟ್ಟಿ ಅಂಟಿಸಿ, ಬರೀ ಶಾಯಿ ಮೊದಲ ಕೊಳದಲ್ಲೇ ಅಳಿಸುತ್ತದೆ. ಮಗು ಇವತ್ತು ತೊಟ್ಟ ಬಟ್ಟೆಯ ಫೋಟೊ ತೆಗೆಯಿರಿ, ನೀರಿನ ಬಟ್ಟೆ ತೊಡಿಸಿದ ಮೇಲೆ ಇನ್ನೊಂದು. ತಪ್ಪಿಸಿಕೊಂಡರೆ ಎಲ್ಲಿ ಸೇರಬೇಕೆಂದು ಒಂದು ಎದ್ದುಕಾಣುವ ಜಾಗ ತೋರಿಸಿ. ಕಟ್ಟಡದ ನೆತ್ತಿಯ ಮೇಲೆ ತಿರುಗುವ ಸ್ಕೈ ವೀಲ್ ಎಲ್ಲಿಂದಲೂ ಕಾಣುತ್ತದೆ, ಅದರ ಬುಡವೇ ಗುರುತು.

ಮೊದಲು ಒಣ ರೈಡ್, ಆಮೇಲೆ ನೀರು. ಈ ಕ್ರಮ ತಿರುಗಿಸಬೇಡಿ. ಒದ್ದೆ ಮೈಯಲ್ಲಿ ಒಣ ರೈಡ್ ಹತ್ತಿಸುವುದಿಲ್ಲ, ಇಬ್ಬರು ಮಕ್ಕಳನ್ನು ಒರೆಸಿ, ಬಟ್ಟೆ ಬದಲಿಸಿ, ಚೀಲ ಕಟ್ಟಲು ಅರ್ಧ ಗಂಟೆ ಹಿಡಿಯುತ್ತದೆ. ಆ ಅರ್ಧ ಗಂಟೆ ದಿನಕ್ಕೆ ಒಂದೇ ಸಲ ಬರಲಿ. 11ರಿಂದ 12:30ರವರೆಗೆ ಮಕ್ಕಳ ರೈಡ್‌ಗಳು. ಮಗು ಒಂದನ್ನೇ ನಾಲ್ಕು ಸಲ ಕೇಳಿದರೆ ನಾಲ್ಕು ಸಲ ಹತ್ತಿಸಿ. 'ಬೇರೆ ನೋಡೋಣ ಬಾ' ಎಂದು ಎಳೆದಾಡುವುದು ದೊಡ್ಡವರ ಅವಸರ. 12:30ಕ್ಕೇ ಊಟ, ಒಂದು ಗಂಟೆಯ ನಂತರ ಎಲ್ಲ ಹೋಟೆಲುಗಳ ಮುಂದೆ ಸಾಲು. ಪುಟ್ಟ ಮಗುವಿಗೆ ಮೊಸರನ್ನ, ತಣ್ಣಗಿನ ಜಾಗ, ತಳ್ಳುಗಾಡಿಯಲ್ಲಿ ನಿದ್ದೆ. ಆ ಹೊತ್ತಿನಲ್ಲಿ ಅಪ್ಪ ಅಮ್ಮ ಪಾಳಿಯ ಮೇಲೆ ಒಂದೊಂದು ದೊಡ್ಡ ರೈಡ್ ಹತ್ತಿ ಬರಬಹುದು.

ನೀರಿಗೆ ಇಳಿಯುವ ಹೊತ್ತು ಕಾಲದ ಮೇಲೆ: ಬೇಸಿಗೆಯಲ್ಲಿ ಮೂರು ಗಂಟೆಯ ನಂತರ, ಚಳಿಗಾಲದಲ್ಲಿ ಊಟವಾದ ಸ್ವಲ್ಪ ಹೊತ್ತಿಗೇ. ನೀರಿನ ಭಾಗ ಎಷ್ಟು ಗಂಟೆಗೆ ಮುಚ್ಚುತ್ತದೆ ಎಂದು ಬೆಳಿಗ್ಗೆಯೇ ಕೇಳಿಟ್ಟುಕೊಳ್ಳಿ, ಇಡೀ ಪಾರ್ಕಿಗಿಂತ ಅದು ಮೊದಲು ಮುಚ್ಚುತ್ತದೆ. ಕೊಳದಲ್ಲಿ ಮಗುವಿನಿಂದ ಒಂದು ತೋಳಿನಳತೆಯ ಆಚೆ ಹೋಗಬೇಡಿ. ವೇವ್ ಪೂಲಿನಲ್ಲಿ ಅಲೆ ಬರುವಾಗ ಮಗುವಿನ ಮೊಣಕಾಲು ಮುಳುಗುವಷ್ಟು ಅಂಚಿನಲ್ಲೇ ಇರಿ. ಸಣ್ಣ ಮಕ್ಕಳು ಮುಳುಗುವಾಗ ಕೂಗುವುದಿಲ್ಲ, ಕೈ ಬೀಸುವುದೂ ಇಲ್ಲ, ಸದ್ದಿಲ್ಲದೆ ಜಾರುತ್ತಾರೆ. ಗಾಳಿ ತುಂಬಿದ ತೋಳುಪಟ್ಟಿ ಆಟಿಕೆ, ಜೀವರಕ್ಷಕವಲ್ಲ. 'ನೀನು ನೋಡ್ತಿದೀಯ ಅಂದ್ಕೊಂಡೆ' ಎಂಬ ಮಾತು ಬರದಂತೆ, ಈಗ ಕಾವಲು ಯಾರದ್ದು ಎಂದು ಬಾಯಿಬಿಟ್ಟು ಹೇಳಿಕೊಳ್ಳಿ. ಕಾವಲಿನವರ ಕೈಯಲ್ಲಿ ಫೋನ್ ಬೇಡ. ಕೃತಕ ಮಳೆಯಲ್ಲಿ ಕುಣಿಯುವ ರೇನ್ ಡಿಸ್ಕೊದ ಕತ್ತಲೆ, ಅಬ್ಬರದ ಸಂಗೀತಕ್ಕೆ ಮೂರು ನಾಲ್ಕರ ಮಕ್ಕಳು ಹೆದರುವುದುಂಟು. ಬಾಗಿಲಲ್ಲಿ ನಿಂತು ನೋಡಲಿ, ಬೇಕೆನಿಸಿದರೆ ತಾನೇ ಎಳೆದುಕೊಂಡು ಹೋಗುತ್ತದೆ.

ಅರ್ಧ ಗಂಟೆಗೊಮ್ಮೆ ನೀರಿನಿಂದ ಎಬ್ಬಿಸಿ ಎರಡು ಗುಟುಕು ಕುಡಿಸಿ, ಮೂತ್ರಕ್ಕೆ ಕರೆದೊಯ್ಯಿರಿ. ನೀರಿನಲ್ಲಿರುವ ಮಗುವಿಗೆ ಬಾಯಾರಿಕೆ ಗೊತ್ತಾಗುವುದಿಲ್ಲ. ಕೊನೆಗೆ ಶುದ್ಧ ನೀರಿನಲ್ಲಿ ತಲೆ ಸ್ನಾನ ಮಾಡಿಸಿ, ಕಿವಿಯ ಹೊರಭಾಗ ಟವಲಿನ ಮೂಲೆಯಿಂದ ಒರೆಸಿ. ಹತ್ತಿಕಡ್ಡಿ ಒಳಗೆ ಹಾಕಬೇಡಿ.

ಮುಚ್ಚುವ ಸಮಯಕ್ಕೆ ಮುಕ್ಕಾಲು ಗಂಟೆ ಮುಂಚೆ ಹೊರಡಿ. ಎಲ್ಲರೂ ಒಟ್ಟಿಗೆ ಹೊರಬಂದಾಗ ಲಾಕರ್ ಕೌಂಟರ್, ಶೌಚಾಲಯ, ಪಾರ್ಕಿಂಗ್, ಕ್ಯಾಬ್ ನಾಲ್ಕಕ್ಕೂ ಸಾಲು ನಿಲ್ಲಬೇಕು. ಆಟಿಕೆಯ ಅಂಗಡಿ ಸಾಮಾನ್ಯವಾಗಿ ಹೊರದಾರಿಯಲ್ಲೇ ಇರುತ್ತದೆ. ಮಗುವಿಗೆ ಬೆಳಿಗ್ಗೆಯೇ 300 ರೂ. ಎಣಿಸಿ ತೋರಿಸಿ, 'ಇದು ನಿಂದು, ಐಸ್‌ಕ್ರೀಮಿಗಾದರೂ ಆಗಲಿ, ಬೊಂಬೆಗಾದರೂ ಆಗಲಿ' ಎಂದಿದ್ದರೆ ಅಲ್ಲಿ ಹಟಕ್ಕಿಂತ ಯೋಚನೆಗೆ ಹೆಚ್ಚು ಹೊತ್ತು ಹಿಡಿಯುತ್ತದೆ. ಕಾರಿನ ಸೀಟಿಗೆ ಪ್ಲಾಸ್ಟಿಕ್ ಹಾಳೆ, ಮಗುವಿಗೆ ಒಂದು ಬಾಳೆಹಣ್ಣು. ಕೆಂಗೇರಿ ಸಿಗ್ನಲ್ ಬರುವಷ್ಟರಲ್ಲಿ ನಿದ್ದೆ ಹೋಗಿರುತ್ತದೆ.